ಪೇಟೆಗೆ ಬಂದ ಅಮ್ಮ ಮಾತೇ ಬಿಟ್ಟಿದ್ದಾರೆ: ಮನೋವೈದ್ಯೆಗೆ ಪ್ರಶ್ನೆ (ಬರೆದವರ ಹೆಸರಿನ ಬದಲು ಅವರ ಊರು, ಬಡಾವಣೆ)

ವಿನೋಬನಗರ: ಮೇಡಂ, ಅಮ್ಮಂಗೆ 72. ಅಪ್ಪ ಹೋದ ಮೇಲೆ ತೀರ್ಥಹಳ್ಳಿ ಕಡೆ ಮನೆ ಬಿಟ್ಟು ನಾಲ್ಕು ತಿಂಗಳಿಂದ ನಮ್ಮ ಜೊತೆ ಇದ್ದಾರೆ. ಎದುರಿಗೇ ರಸ್ತೆ, ದಿನವಿಡೀ ಜನ. ಆದ್ರೂ 'ಇಲ್ಲಿ ಯಾರೂ ಮಾತಾಡಲ್ಲ' ಅಂತಾರೆ. ಟಿವಿ ಜೋರು, ಊಟ ಅರ್ಧ. ಬಿಪಿ ಮಾತ್ರೆ ಇದೆ.

ವೈದ್ಯೆ: 'ಯಾರೂ ಮಾತಾಡಲ್ಲ', 'ಟಿವಿ ಜೋರು', ಇವೆರಡನ್ನೂ ಒಟ್ಟಿಗೆ ಓದಿ. ಮೊದಲು ಕಿವಿ. ಟಿವಿ ಆರಿಸಿ, ಬೆನ್ನ ಹಿಂದೆ ನಿಂತು ಸಹಜ ದನಿಯಲ್ಲಿ 'ಕಾಫಿ ಬೇಕಾ' ಅಂತ ಕೇಳಿ. ತಿರುಗದಿದ್ದರೆ ಇಎನ್‌ಟಿ (ಕಿವಿ-ಮೂಗು-ಗಂಟಲು) ವೈದ್ಯರ ಹತ್ರ ಗುಗ್ಗೆ ನೋಡಿಸಿ, ಆಡಿಯೋಮೆಟ್ರಿ ಅಂದರೆ ಕೇಳುವ ಶಕ್ತಿಯ ಪರೀಕ್ಷೆ ಮಾಡಿಸಿ. ಕಿವಿ ಮಂದವಾದವರು ತುಂಬಿದ ಮನೆಯಲ್ಲೂ ಒಂಟಿಯಾಗ್ತಾರೆ.

ಹಿಮೋಗ್ಲೋಬಿನ್, ಟಿಎಸ್‌ಹೆಚ್ (ಥೈರಾಯ್ಡ್), ಬಿ12, ಸೋಡಿಯಂ ರಕ್ತಪರೀಕ್ಷೆಯೂ ಬೇಕು. ಬಿಪಿ ಮಾತ್ರೆಯಲ್ಲಿ ಮೂತ್ರ ಹೆಚ್ಚಿಸುವ ಔಷಧ ಸೇರಿದ್ದರೆ ವಯಸ್ಸಾದವರಿಗೆ ಸೋಡಿಯಂ ಇಳಿದು ಮಂಕು ಕವಿಯಬಹುದು. ಹಾಗಂತ ನೀವೇ ಮಾತ್ರೆ ನಿಲ್ಲಿಸಬೇಡಿ.

ಎಚ್ಚರವಾಗೋ ಹೊತ್ತು, ಊಟ, ಕೈಗೆತ್ತಿಕೊಂಡ ಕೆಲಸ, ಎರಡು ವಾರ ಬರೆದಿಡಿ. ಬೆಳಗಿನ ಜಾವ ಮೂರಕ್ಕೇ ಎಚ್ಚರ, ತೂಕ ಇಳಿಕೆ, ಇಷ್ಟದ್ದೂ ಬೇಡ ಅನ್ನೋದು ಕಂಡರೆ ಬೇಸರ ಅಂತ ಬಿಡಬೇಡಿ, ಖಿನ್ನತೆ ಇರಬಹುದು. ಶಿವಮೊಗ್ಗದ ಮೆಗ್ಗಾನ್ ಆಸ್ಪತ್ರೆಗೆ ಕರ್ಕೊಂಡು ಹೋಗಿ. 'ನಾನಿದ್ದೇನು ಪ್ರಯೋಜನ' ಅಂದರಂತೂ ಅವತ್ತೇ, ರಾತ್ರಿಯಾದರೂ ಸರಿ. ಮಾತ್ರೆ ಡಬ್ಬ ನಿಮ್ಮ ಕೈಲಿರಲಿ. ಸರ್ಕಾರದ ಮಾನಸಿಕ ಆರೋಗ್ಯ ಸಹಾಯವಾಣಿ ಟೆಲಿ ಮಾನಸ್ 14416ರಲ್ಲಿ ಕನ್ನಡದಲ್ಲೇ ಮಾತಾಡ್ತಾರೆ.

ಗುಂಪಿಗೆ ತಳ್ಳಬೇಡಿ. ದಿನಾ ಸಂಜೆ ಐದಕ್ಕೆ ಅದೇ ಹೂವಿನವಳ ಹತ್ರ ಅವರೇ ಒಂದು ಮೊಳ ಹೂವು ಕೊಳ್ಳಲಿ, ದುಡ್ಡು ಅವರ ಕೈಯಿಂದಲೇ ಹೋಗಲಿ. ಒಂದು ದಿನ ತಪ್ಪಿದರೆ 'ನಿನ್ನೆ ಯಾಕಮ್ಮಾ ಬರ್ಲಿಲ್ಲ' ಅನ್ನೋ ಒಬ್ಬರು ಬೇಕು.

ಗೋಪಾಳ: ಮಾವನಿಗೆ ನಿದ್ದೆ ಇಲ್ಲ. ಯಾವ ಮಾತ್ರೆ ಕೊಡಲಿ?

ವೈದ್ಯೆ: ನೋಡದೆ ಹೆಸರು ಹೇಳಲ್ಲ.

ಭದ್ರಾವತಿ: ಮಾತ್ರೆ ಯಾಕೆ? ರಾತ್ರಿ ಹಾಲಿಗೆ ಎರಡು ಚಮಚ ಅಶ್ವಗಂಧ, 21 ದಿನದಲ್ಲಿ ಎಲ್ಲ ಮಾಯ. ಫಾರ್ವರ್ಡ್ ಬಂದಿದೆ, ಇಲ್ಲಿ ಹಾಕ್ತೀನಿ.

ವೈದ್ಯೆ: ಹಾಕಬೇಡಿ. ಥೈರಾಯ್ಡ್ ಮಾತ್ರೆ ತಗೊಳ್ಳೋರಿಗೆ ಅದು ಹಾರ್ಮೋನ್ ಏರಿಸಬಹುದು. ನಿದ್ದೆ ಮಾತ್ರೆ ಜೊತೆ ಮಂಪರು ಹೆಚ್ಚಿ ಬಚ್ಚಲಲ್ಲಿ ಬಿದ್ದು ಸೊಂಟ ಮುರಿದರೆ ಫಾರ್ವರ್ಡ್ ಕಳಿಸಿದವರು ಬರ್ತಾರಾ?

ಸಾಗರ: ವಿನೋಬನಗರದವರು ಅಮ್ಮನ್ನ ಊರಿಂದ ತಂದಿದ್ದೇ ತಪ್ಪು. ಅಂಗಳ, ಕೊಟ್ಟಿಗೆ ಬಿಡಿಸಿ ಮೂಲೇಲಿ ಕೂರಿಸಿದ್ರೆ ಇನ್ನೇನಾಗುತ್ತೆ?

ವಿನೋಬನಗರ: ಮಳೆಗಾಲದಲ್ಲಿ ಕರೆಂಟು, ನೆಟ್‌ವರ್ಕ್ ಎರಡೂ ಇಲ್ಲದ ಮನೇಲಿ ಒಬ್ಬರೇ ಇರಬೇಕಿತ್ತಾ ಮಾರಾಯ್ರೆ?

ಸಾಗರ: ಸೊಸೆಗೆ ಪುರುಸೊತ್ತಿಲ್ಲ ಅನ್ನಿ.

ವಿನೋಬನಗರ: ನಮ್ಮನೆ ವಿಷಯ ನಿಮಗ್ಯಾಕೆ?

ಹೊಸನಗರದ ವಿದ್ಯಾರ್ಥಿ: ಪಿಜಿ ಸೇರಿ ಎರಡು ತಿಂಗಳು. ರೂಮಲ್ಲಿ ಮೂವರು, ಮೂವರೂ ಮೊಬೈಲಲ್ಲಿ. ಊಟಕ್ಕೂ ಒಬ್ಬನೇ ಹೋಗ್ತೀನಿ. ಏನು ಮಾಡ್ಲಿ ಮೇಡಂ?

ದುರ್ಗಿಗುಡಿ: ನಿದ್ದೆ ಮಾತ್ರೆ ಹೆಸರು ಹೇಳಿ ಪ್ಲೀಸ್.

ವೈದ್ಯೆ: ಮೇಲೆ ಓದಿ.

ಸಾಗರ: ಸತ್ಯ ಹೇಳಿದ್ರೆ ಕೋಪ ಬರುತ್ತೆ.

ವೈದ್ಯೆ: ಸೊಸೆ ಮಾತು ಸಾಕು ಮಾಡಿ. ವಿನೋಬನಗರದವರೇ, ಕಿವಿ ನೋಡಿದ್ರಾ?

ವಿನೋಬನಗರ: ಹಿಂದಿನಿಂದ ಎರಡು ಸಲ ಕರೆದೆ. ತಿರುಗಲಿಲ್ಲ.

ವೈದ್ಯೆ: ನಾಳೆ ಬೆಳಿಗ್ಗೆಯೇ ಇಎನ್‌ಟಿ. ಬಿಪಿ ಚೀಟಿ ಜೊತೆಗಿರಲಿ.