ತಾರಸಿ ಮೇಲೆ ನಾಲ್ಕಿಂಚು ಮಣ್ಣು: ಜೇನಿಗೆ ಯಾವ ಗಿಡ?

ಮಹಡಿಮನೆ:
ಬೆಂಗಳೂರಲ್ಲಿ 20x15 ಅಡಿ ಆರ್‌ಸಿಸಿ ತಾರಸಿ. ಕುಂಡ ಬೇಡ, ನೇರ ತಾರಸಿ ಮೇಲೇ ಪದರ ಹಾಸಿ ಮಣ್ಣು ತುಂಬೋ ಯೋಚನೆ. ತುಡುವೆ, ಕೋಲುಜೇನು, ಮುಜಂಟಿಯಂಥ ಸಣ್ಣ ಜೇನು ಬಂದರೆ ಸಾಕು. ವಿದೇಶಿ ವಿಡಿಯೊಗಳಲ್ಲಿ ಸೀಡಮ್ (ದಪ್ಪ ಎಲೆಯ ಪುಟ್ಟ ಗಿಡ), ಲ್ಯಾವೆಂಡರ್ ಅಂತಾರೆ. ನರ್ಸರಿಯಲ್ಲಿ ಚೆಂಡುಹೂ ಹಾಕಿ ಅಂದರು. ಮಣ್ಣು ಎಷ್ಟು ದಪ್ಪ, ಯಾವ ಗಿಡ? ಹೆಜ್ಜೇನು ಬಂದು ಗೂಡು ಕಟ್ಟುತ್ತೆ ಅಂತ ಮನೆಯಲ್ಲಿ ಭಯ ಬೇರೆ.

ಕೆಂಪುಮಣ್ಣು:
ಗಿಡ ಆಮೇಲೆ, ಮೊದಲು ತೂಕ. ಓಡಾಡುವ ತಾರಸಿಗೆ ಐಎಸ್ 875ರಲ್ಲಿ (ಕಟ್ಟಡ ಎಷ್ಟು ಭಾರ ಹೊರಬೇಕು ಅನ್ನೋ ಭಾರತೀಯ ಮಾನದಂಡ) ಹಿಡಿಯೋದು ಚದರ ಮೀಟರಿಗೆ 1.5 ಕಿಲೋನ್ಯೂಟನ್, ಸುಮಾರು 150 ಕೆ.ಜಿ. ಅದೂ ಜನ, ಸಾಮಾನಿನ ಲೆಕ್ಕ. ಮಣ್ಣು ಅದರ ಮೇಲೆ ಬೀಳೋ ಖಾಯಂ ಭಾರ. 10 ಸೆಂ.ಮೀ. ದಪ್ಪ ಅಂದರೆ ಚದರ ಮೀಟರಿಗೆ 100 ಲೀಟರ್. ಬರೀ ಕೆಂಪು ಮಣ್ಣು ನೆನೆದರೆ 170 ಕೆ.ಜಿ. ದಾಟುತ್ತೆ. ಎಂಜಿನಿಯರ್ ನೋಡದೆ ಒಂದು ಬುಟ್ಟಿಯೂ ಹಾಕಬೇಡಿ.

ಮಿಶ್ರಣ: ಕೆಂಪು ಮಣ್ಣು 2 ಪಾಲು, ತೊಳೆದ ಕೋಕೋಪೀಟ್ (ತೆಂಗಿನ ನಾರಿನ ಪುಡಿ) 3, ಪರ್ಲೈಟ್ (ಹಗುರವಾದ ಬಿಳಿ ಹರಳು) 3, ಎರೆಗೊಬ್ಬರ 2. ತಳಕ್ಕೆ ತೂತು ಹೊಡೆದ 10 ಲೀಟರ್ ಬಕೆಟ್ಟಿಗೆ ತುಂಬಿ, ನೀರು ಹೊಯ್ದು, ತೊಟ್ಟಿಕ್ಕೋದು ನಿಂತ ಮೇಲೆ ತೂಗಿ. 10–11 ಕೆ.ಜಿ. ಒಳಗಿದ್ದರೆ ಸರಿ. ಗೊಬ್ಬರ ಇನ್ನೂ ಹೆಚ್ಚಿಸಿದರೆ ವರ್ಷದೊಳಗೆ ಮಣ್ಣು ಕುಸಿದು ಬೇರು ಮೇಲೆ ಕಾಣುತ್ತೆ.

ಪದರ: ವಾಟರ್‌ಪ್ರೂಫಿಂಗ್ ಮಾಡಿ 48 ಗಂಟೆ ನೀರು ನಿಲ್ಲಿಸಿ ನೋಡಿ. ಅದರ ಮೇಲೆ ಬೇರು ತಡೆಯೋ ದಪ್ಪ ಶೀಟ್, ಡ್ರೈನ್ ಸೆಲ್ (ನೀರು ಹರಿಯೋಕೆ ಪೊಳ್ಳಿರೋ ಪ್ಲಾಸ್ಟಿಕ್ ತಟ್ಟೆ), ಜಿಯೋಟೆಕ್ಸ್‌ಟೈಲ್ (ನೀರು ಬಿಟ್ಟು ಮಣ್ಣು ತಡೆಯೋ ಬಟ್ಟೆ), ಆಮೇಲೆ ಮಣ್ಣು. ಎಡವಟ್ಟಾಗೋದು ಜಿಯೋಟೆಕ್ಸ್‌ಟೈಲ್ ಅಂಚಿನಲ್ಲಿ: ಅದನ್ನ ಮಣ್ಣಿನ ಮಟ್ಟಕ್ಕಿಂತ ಮೇಲಕ್ಕೆ ಮಡಚದಿದ್ದರೆ ನುಣ್ಣನೆ ಮಣ್ಣು ಸೆಲ್‌ಗೆ ಇಳಿದು ಕಟ್ಟಿಕೊಳ್ಳುತ್ತೆ. ಮಳೆಗೆ ನೀರು ನಿಂತು ಕಾಂಡದ ಬುಡ ಕಪ್ಪಾದರೆ ಕಾರಣ ಇದೇ. ಮಳೆನೀರಿನ ಪೈಪಿನ ಸುತ್ತ ಒಂದಡಿ ಬರೀ ಜಲ್ಲಿ.

ಹುಚ್ಚೆಳ್ಳು:
ಸೀಡಮ್, ಲ್ಯಾವೆಂಡರ್ ಮರೆತುಬಿಡಿ, ನಮ್ಮ ಮಳೆಗಾಲಕ್ಕೆ ಕೊಳೆಯುತ್ತೆ. ಚೆಂಡುಹೂವಿನ ದಪ್ಪ ಹೈಬ್ರಿಡ್ ಬಿಡಿಸಿ ನೋಡಿ: ಎಸಳಿನ ಮೇಲೆ ಎಸಳು, ಜೇನು ಮೂತಿ ತೂರಿಸೋಕೆ ಜಾಗವೇ ಇಲ್ಲ. ಒಂಟಿ ಸುತ್ತಿನ ಹೂವೇ ಬೇಕು.

ಬೇಸಿಗೆಯಲ್ಲಿ ಹೊಂಗೆಯಂಥ ಬೀದಿ ಮರಗಳು ಜೇನಿಗೆ ಊಟ ಹಾಕುತ್ತವೆ. ಕೊರತೆ ಇರೋದು ಜೂನ್–ಆಗಸ್ಟ್‌ನಲ್ಲಿ, ತಾರಸಿ ಕೆಲಸಕ್ಕೆ ಬರೋದು ಆಗಲೇ. ಅದಕ್ಕೆ ಮುಖ್ಯ ಗಿಡ ಕಾಮಕಸ್ತೂರಿ. ಏಪ್ರಿಲ್ ಕೊನೆಗೆ ಬೀಜ ಮೇಲ್ಮೇಲೆ ಉದುರಿಸಿ, ಹೂಳಬೇಡಿ. ಮೊಳೆತ ಮೇಲೆ 20 ಸೆಂ.ಮೀ.ಗೆ ಒಂದು ಬಿಟ್ಟು ಉಳಿದದ್ದು ಕೀಳಿ. ಎರಡು ತಿಂಗಳಿಗೆ ತೆನೆ. ತೆನೆಯಲ್ಲಿ ಹೂ ಕೆಳಗಿನಿಂದ ಮೇಲಕ್ಕೆ ಅರಳುತ್ತಾ ಹೋಗುತ್ತೆ. ತುದಿ ಕಂದಾದಾಗ ಗಿಡದ ಮೂರನೇ ಒಂದು ಭಾಗ ಕತ್ತರಿಸಿ, ಮತ್ತೆ ಚಿಗುರುತ್ತೆ. ಆದರೆ ಅರ್ಧ ಪಾತಿ ಈಗ, ಉಳಿದರ್ಧ ಮೂರು ವಾರ ಬಿಟ್ಟು. ಒಟ್ಟಿಗೆ ಕತ್ತರಿಸಿದರೆ ಜೇನಿಗೆ ಉಪವಾಸ.

ಜುಲೈನಲ್ಲಿ ಹುಚ್ಚೆಳ್ಳು ಚೆಲ್ಲಿ, ಸೆಪ್ಟೆಂಬರಿಗೆ ಹಳದಿ ತುಂಬುತ್ತೆ. ಇದಕ್ಕೆ 15 ಸೆಂ.ಮೀ. ಮಣ್ಣು ಬೇಕು, ಇಲ್ಲದಿದ್ದರೆ ಗಾಳಿಗೆ ಮಲಗುತ್ತೆ. ಆ ಪಾತಿಯನ್ನ ತೊಲೆಯ ಮೇಲೆ ಬರೋ ಹಾಗೆ ಎಂಜಿನಿಯರ್ ಹತ್ತಿರ ಗುರುತು ಹಾಕಿಸಿಕೊಳ್ಳಿ. ಚಳಿಗಾಲಕ್ಕೆ ಸಾಸಿವೆ, ಕೊತ್ತಂಬರಿ. ಸೊಪ್ಪಿಗೆ ಕೀಳದೆ ಹೂವಿಗೆ ಬಿಡಿ. ಬಿಸಿಲು ಕಾಯೋ ಅಂಚಿಗೆ ಒಂಟಿ ಸುತ್ತಿನ ಟೇಬಲ್ ರೋಸ್. ತುಂಬೆ ತಾನಾಗೇ ಹುಟ್ಟುತ್ತೆ, ಕಳೆ ಅಂತ ಕಿತ್ತುಬಿಡಬೇಡಿ.

ಒಂದೊಂದು ಗಿಡ ಹತ್ತು ಬಗೆ ಬೇಡ. ಜೇನು ಒಂದು ಸುತ್ತಿಗೆ ಹೊರಟರೆ ಸಾಮಾನ್ಯವಾಗಿ ಒಂದೇ ಬಗೆಯ ಹೂವಿಗೆ ಅಂಟಿಕೊಳ್ಳುತ್ತೆ. ಒಂದೊಂದು ಬಗೆಗೂ ಚದರ ಮೀಟರ್ ಜಾಗ ಕೊಡಿ.

ಮುಜಂಟಿ:
ಹೂ ಇದೆ ಅಂತ ಹೆಜ್ಜೇನು ಅಲ್ಲೇ ಗೂಡು ಕಟ್ಟಲ್ಲ. ಮೇವಿಗೆ ಕಿಲೋಮೀಟರುಗಟ್ಟಲೆ ಹಾರುತ್ತೆ, ಕಟ್ಟೋದು ಎತ್ತರದ ಮರ, ಸಜ್ಜಾ ಅಡಿ. ರಾತ್ರಿ ದೀಪಕ್ಕೆ ಬರುತ್ತೆ, ಹಾಗಾಗಿ ತಾರಸಿ ಲೈಟ್ ಆರಿಸಿ.

ಇಮಿಡಾಕ್ಲೋಪ್ರಿಡ್ ಅನ್ನೋ ಕೀಟನಾಶಕ ಮುಟ್ಟಬೇಡಿ, ಬೇರಿಗೆ ಹಾಕಿದರೂ ಮಕರಂದಕ್ಕೆ, ಪರಾಗಕ್ಕೆ ಬರುತ್ತೆ. ನರ್ಸರಿ ಸಸಿಗೆ ಏನು ಹೊಡೆದಿದ್ದಾರೋ ಯಾರಿಗೆ ಗೊತ್ತು, ಬೀಜದಿಂದಲೇ ಬೆಳೆಸಿ. ಗಿಡಕ್ಕೆ ಹೇನು ಬಂದರೆ ನೀರು ರಭಸವಾಗಿ ಹೊಡೆಯಿರಿ. ಹೋಗದಿದ್ದರೆ ಲೀಟರಿಗೆ 5 ಮಿ.ಲೀ. ಬೇವಿನೆಣ್ಣೆ, ಎರಡು ಹನಿ ಸೋಪು, ಕತ್ತಲಾದ ಮೇಲೆ.

ಮಹಡಿಮನೆ:
ಥ್ಯಾಂಕ್ಸ್. ಡ್ರಿಪ್ ಬೇಕಾ, ಪೈಪಲ್ಲಿ ಬಿಟ್ಟರೆ ಸಾಕಾ?

ಕೆಂಪುಮಣ್ಣು:
ಡ್ರಿಪ್. ಪೈಪಲ್ಲಿ ಬಿಟ್ಟರೆ ಪರ್ಲೈಟ್ ತೇಲಿ ಮೇಲೆ ಬಿಳಿ ಪದರ ಕಟ್ಟುತ್ತೆ. 30 ಸೆಂ.ಮೀ.ಗೊಂದು ತೂತಿರೋ 16 ಎಂ.ಎಂ. ಇನ್‌ಲೈನ್ ಪೈಪು, ಮಾರ್ಚ್–ಏಪ್ರಿಲ್‌ನಲ್ಲಿ ಬೆಳಿಗ್ಗೆ ಸಂಜೆ ಹತ್ತತ್ತು ನಿಮಿಷ.