ನೇಮಕಾತಿಯೇ ಅಸಿಂಧು ಅಂತಾದರೆ ಕೊಟ್ಟ ಸಂಬಳ ವಸೂಲಿ ಮಾಡಬಹುದೇ?

ಕಡತ_ಹಾಸನ:
ಹಾಸನ ಜಿಲ್ಲೆಯ ಒಂದು ತಾಲ್ಲೂಕು ಕಚೇರಿಯ ಕಡತ. ದ್ವಿತೀಯ ದರ್ಜೆ ಸಹಾಯಕ, 2016ರಲ್ಲಿ ಅನುಕಂಪದ ನೇಮಕ. ತಂದೆ ತೀರಿಕೊಂಡು 16 ತಿಂಗಳಾದ ಮೇಲೆ ಅರ್ಜಿ ಕೊಟ್ಟಿದ್ದಾರೆ. 1996ರ ನಿಯಮಗಳ ಪ್ರಕಾರ ಒಂದು ವರ್ಷದೊಳಗೆ ಕೊಡಬೇಕಿತ್ತು. ಈಗ ಎಜಿ (ಮಹಾಲೇಖಪಾಲರ ಕಚೇರಿ) ಆಡಿಟ್ ಪ್ಯಾರಾ ಬಂದಿದೆ. ನೇಮಕ ರದ್ದು ಮಾಡಿ, ಒಂಬತ್ತು ವರ್ಷದ ಸಂಬಳ ಸುಮಾರು 34 ಲಕ್ಷ ವಸೂಲಿ ಮಾಡಿ ಅಂತ ಟಿಪ್ಪಣಿ ಮೇಲೆ ಬರೆದಿದ್ದಾರೆ. ಮುಂದಿನ ತಿಂಗಳಿಂದಲೇ ಎಚ್‌ಆರ್‌ಎಂಎಸ್‌ನಲ್ಲಿ (ಸಂಬಳ ಬಿಲ್ಲಿನ ತಂತ್ರಾಂಶ) ಕಟಾವು ಹಾಕಬಹುದಾ?

ಡಿಡಿಓ_ಮಲೆನಾಡು:
ಹಾಕಬೇಡಿ. ಆಡಿಟ್ ಪ್ಯಾರಾ ಒಂದು ಆಕ್ಷೇಪಣೆ ಅಷ್ಟೇ, ಆದೇಶ ಅಲ್ಲ. ಅದನ್ನೇ ಹಿಡಿದು ನೋಟಿಸಿಲ್ಲದೆ ಕಟಾವು ಶುರು ಮಾಡಿದರೆ ಕೆಎಟಿಯಲ್ಲಿ (ಸರ್ಕಾರಿ ನೌಕರರ ಸೇವಾ ವ್ಯಾಜ್ಯ ನೋಡುವ ಕರ್ನಾಟಕ ಆಡಳಿತ ನ್ಯಾಯಮಂಡಳಿ) ಮೊದಲ ದಿನವೇ ತಡೆ ಸಿಗುತ್ತದೆ ಅಂದುಕೊಳ್ಳಿ.

ನೇಮಕ ಉಳಿಯುತ್ತದಾ ಅನ್ನೋದು ಒಂದು ಪ್ರಶ್ನೆ, ದುಡಿದ ದಿನಗಳ ಸಂಬಳ ವಾಪಸ್ ಕೇಳಬಹುದಾ ಅನ್ನೋದು ಇನ್ನೊಂದು. ಮೊದಲನೆಯದಕ್ಕೆ ‘ಇಲ್ಲ’ ಅಂತ ಉತ್ತರ ಬಂದ ತಕ್ಷಣ ಎರಡನೆಯದಕ್ಕೆ ‘ಹೌದು’ ಅಂತಾಗಲ್ಲ. ಪಶ್ಚಿಮ ಬಂಗಾಳದ ಶಾಲಾ ನೇಮಕಾತಿ ಪ್ರಕರಣ ನೋಡಿ. 2025ರ ಏಪ್ರಿಲ್ 3ರಂದು ಸುಪ್ರೀಂ ಕೋರ್ಟ್ 25 ಸಾವಿರಕ್ಕೂ ಹೆಚ್ಚು ನೇಮಕಗಳನ್ನು ರದ್ದು ಮಾಡಿತು. ಆದರೆ ಸಂಬಳ ವಾಪಸ್ ಕಟ್ಟಿ ಅಂದದ್ದು ಅಕ್ರಮ ಎಸಗಿದ್ದಾರೆ ಅಂತ ಗುರುತಾದವರಿಗೆ ಮಾತ್ರ. ಉಳಿದವರಿಗೆ ಕೆಲಸ ಹೋಯಿತು, ಪಡೆದ ಸಂಬಳಕ್ಕೆ ಕೈ ಹಾಕಲಿಲ್ಲ.

ಹಾಗಾಗಿ ಲೆಕ್ಕದ ತಖ್ತೆ (ಪಟ್ಟಿ) ಪಕ್ಕಕ್ಕಿಟ್ಟು, ಮೂಲ ಅರ್ಜಿ ತೆಗೆದು ನೋಡಿ. ಅದರ ಮೂಲೆಯಲ್ಲಿ ಕಚೇರಿಯ ಸ್ವೀಕೃತಿ ಸೀಲು, ತಾರೀಖು ಇದೆಯಾ? ಪಕ್ಕದಲ್ಲೇ ಮರಣ ಪ್ರಮಾಣಪತ್ರ ಲಗತ್ತಾಗಿದೆಯಾ? ಎರಡೂ ಇದ್ದರೆ ಅಭ್ಯರ್ಥಿ ಏನನ್ನೂ ಮುಚ್ಚಿಟ್ಟಿಲ್ಲ. 16 ತಿಂಗಳು ಎಣಿಸದೆ ಮಂಡಿಸಿದ್ದು ಕಚೇರಿ. ಸೀಲಿನ ತಾರೀಖು ತಿದ್ದಿದ್ದರೆ ಕಥೆಯೇ ಬೇರೆ. ಟಪಾಲು ಆವಕ ವಹಿಯ (ಕಚೇರಿಗೆ ಬಂದ ಪತ್ರಗಳನ್ನು ದಾಖಲಿಸುವ ಪುಸ್ತಕ) ಜೊತೆ ತಾಳೆ ನೋಡಿ.

ವಕೀಲ_ಕಾಫಿನಾಡು:
ಮೇಲಿನವರು ಹೇಳಿದ್ದು ಸರಿ. ಇಲ್ಲಿ ಎಲ್ಲರೂ ಮೊದಲು ಎತ್ತುವುದು ಸುಪ್ರೀಂ ಕೋರ್ಟ್‌ನ ರಫೀಕ್ ಮಸೀಹ್ ತೀರ್ಪು (2014ರ ಡಿಸೆಂಬರ್ 18). ಸಿ, ಡಿ ಗುಂಪಿನವರಿಂದ (ಕೆಳಹಂತದ ನೌಕರರು), ನಿವೃತ್ತರಿಂದ ಅಥವಾ ವರ್ಷದೊಳಗೆ ನಿವೃತ್ತಿ ಆಗುವವರಿಂದ ವಸೂಲಿ ಬೇಡ. ಹೆಚ್ಚುವರಿ ಪಾವತಿ ಐದು ವರ್ಷ ಮೀರಿ ನಡೆದಿದ್ದರೂ ಬೇಡ. ತಪ್ಪಾಗಿ ಮೇಲಿನ ಹುದ್ದೆಯ ಕೆಲಸ ಮಾಡಿಸಿ ಅದರ ಸಂಬಳ ಕೊಟ್ಟಿದ್ದರೂ ಬೇಡ. ಇವಲ್ಲದೆ ವಸೂಲಿ ತೀರಾ ಅನ್ಯಾಯವಾಗುವಂತಿದ್ದರೂ ಬೇಡ. ನಿಮ್ಮ ನೌಕರ ಸಿ ಗುಂಪು. ಆದರೆ ಆ ತೀರ್ಪು ಲೆಕ್ಕ ತಪ್ಪಿ ಕೊಟ್ಟ ಹೆಚ್ಚುವರಿ ಹಣದ ಬಗ್ಗೆ. ಸುಳ್ಳು ಅಂಕಪಟ್ಟಿ, ಸುಳ್ಳು ಜಾತಿ ಪ್ರಮಾಣಪತ್ರ ಕೊಟ್ಟು ಬಂದವರು ಅದರ ನೆರಳಿಗೆ ನಿಲ್ಲಲಾರರು. ಎರಡನ್ನೂ ಒಂದೇ ಬುಟ್ಟಿಗೆ ಹಾಕುವುದೇ ಹೆಚ್ಚಿನ ಆದೇಶಗಳು ಬೀಳಲು ಕಾರಣ.

ಮುಚ್ಚಳಿಕೆಯನ್ನೂ (ನೌಕರ ಬರೆದುಕೊಟ್ಟ ಒಪ್ಪಿಗೆ ಪತ್ರ) ಹುಡುಕಿ. ‘ಹೆಚ್ಚುವರಿ ಪಾವತಿಯಾದರೆ ಮರುಪಾವತಿಸುತ್ತೇನೆ’ ಅಂತ ವೇತನ ನಿಗದಿ ವೇಳೆ ಬರೆದುಕೊಟ್ಟಿದ್ದರೆ ಸುಪ್ರೀಂ ಕೋರ್ಟ್‌ನ 2016ರ ಜಗದೇವ್ ಸಿಂಗ್ ತೀರ್ಪು ಇಲಾಖೆಯ ಪರ ಬರುತ್ತದೆ. ಆದರೆ ಅದು ವೇತನ ನಿಗದಿಯ ವ್ಯತ್ಯಾಸಕ್ಕೆ. ಇಡೀ ಸಂಬಳಕ್ಕೆ ಅದನ್ನು ಎಳೆಯುವುದು ನನ್ನ ಪ್ರಕಾರ ನಿಲ್ಲುವ ವಾದವಲ್ಲ.

ಕಡತ_ಹಾಸನ:
ಸೀಲು, ತಾರೀಖು ಎರಡೂ ಸರಿಯಾಗಿವೆ. ಆವಕ ವಹಿಗೂ ತಾಳೆಯಾಗುತ್ತೆ. ಮುಚ್ಚಳಿಕೆ ಇಲ್ಲ. ಇನ್ನೊಂದು ಕಡತದಲ್ಲಿ ಅಂಕಪಟ್ಟಿ ನಮ್ಮದಲ್ಲ ಅಂತ ಪರೀಕ್ಷಾ ಮಂಡಳಿಯಿಂದ ಪತ್ರ ಬಂದಿದೆ. ಅದಕ್ಕೇನು?

ಡಿಡಿಓ_ಮಲೆನಾಡು:
ಅಲ್ಲಿ ವಸೂಲಿಗೆ ದಾರಿ ಇದೆ, ಆದರೆ ಮೆಟ್ಟಿಲು ಹಾರಬೇಡಿ. ಮಂಡಳಿಯ ಪತ್ರದ ಪ್ರತಿ ನೌಕರನಿಗೆ ಕೊಡಿ. ಕಾಯಂ ಆದವರಾದರೆ 1957ರ ಸಿಸಿಎ (ವರ್ಗೀಕರಣ, ನಿಯಂತ್ರಣ ಮತ್ತು ಅಪೀಲು) ನಿಯಮ 11ರ ಪ್ರಕಾರ ವಿಚಾರಣೆ ಮಾಡಿ. ಆದೇಶಕ್ಕೆ ನೇಮಕಾತಿ ಪ್ರಾಧಿಕಾರದ ಸಹಿ ಬೇಕು, ನಿಮ್ಮ ಶಾಖಾಧಿಕಾರಿಯದ್ದಲ್ಲ.

ಇನ್ನು ಮೊತ್ತ. ಒಟ್ಟು ಸಂಬಳ ಕೂಡಿಸಿ ‘ಇಷ್ಟು ಕಟ್ಟು’ ಅನ್ನುವುದು ಸಾಮಾನ್ಯ ತಪ್ಪು. ಉದಾಹರಣೆಗೆ ಮೂಲ ವೇತನ, ತುಟ್ಟಿಭತ್ಯೆ ಸೇರಿ 40,000 ಇದ್ದರೆ ಅದರಲ್ಲಿ 10% ಅಂದರೆ 4,000 ಎನ್‌ಪಿಎಸ್‌ಗೆ (ಹೊಸ ಪಿಂಚಣಿ ಯೋಜನೆ) ಹೋಗಿದೆ. ವೃತ್ತಿ ತೆರಿಗೆ 200, ಕೆಜಿಐಡಿ (ಸರ್ಕಾರಿ ವಿಮಾ ಕಂತು), ಆದಾಯ ತೆರಿಗೆ ಇದ್ದರೆ ಅವೂ ಹೋಗಿವೆ. ಕೈಗೆ ಬಂದದ್ದೆಷ್ಟು, ಕಟಾವಾದದ್ದೆಷ್ಟು ಅಂತ ತಿಂಗಳುವಾರು ಕಾಲಂ ಮಾಡಿ. ಎನ್‌ಪಿಎಸ್‌ಗೆ ಸರ್ಕಾರ ಹಾಕಿದ ವಂತಿಗೆ ಅವರ ಕೈ ಸೇರಿಲ್ಲ, ಸಂಬಳದ ಕಾಲಂನಲ್ಲಿ ಅದನ್ನು ತೋರಿಸಬೇಡಿ. ಸೇವೆಯಿಂದ ತೆಗೆದ ಮೇಲೆ ಕಟಾವಿಗೆ ಸಂಬಳವೇ ಇರುವುದಿಲ್ಲ ಅನ್ನೋದನ್ನೂ ಮರೆಯಬೇಡಿ. ‘ಭೂಕಂದಾಯ ಬಾಕಿಯಂತೆ ವಸೂಲಿ’ ಅಂತ ಆದೇಶದ ಕೊನೆಗೆ ರೂಢಿಯಂತೆ ಒಂದು ಸಾಲು ಸೇರಿಸುತ್ತಾರೆ. ಹಾಗೆ ವಸೂಲಿ ಮಾಡಲು ಯಾವ ಕಾಯ್ದೆ ಅಧಿಕಾರ ಕೊಟ್ಟಿದೆ ಅಂತ ಹೇಳದಿದ್ದರೆ ಆ ಸಾಲಿಗೆ ಬೆಲೆಯಿಲ್ಲ.

ವಕೀಲ_ಕಾಫಿನಾಡು:
ನೌಕರರ ಕಡೆಯಿಂದ ಓದುವವರಿಗೆ: ಆದೇಶ ಬಂದ ಒಂದು ವರ್ಷದೊಳಗೆ ಕೆಎಟಿಗೆ ಹೋಗಬೇಕು. ಹಾಸನ, ಚಿಕ್ಕಮಗಳೂರು ಎರಡಕ್ಕೂ ಬೆಂಗಳೂರು ಪೀಠವೇ. ಅನುದಾನಿತ ಶಾಲೆಯವರಿಗೆ ಕೆಎಟಿ ಇಲ್ಲ. ಇಲಾಖೆಯ ವಸೂಲಿ ಆದೇಶಕ್ಕೆ ಹೈಕೋರ್ಟ್‌ನಲ್ಲಿ ರಿಟ್ ಹಾಕಬೇಕು.

ಕಡತದವರೇ, ನಿಮಗೂ ಒಂದು ಮಾತು. ನೋಟಿಸ್‌ನಲ್ಲಿ ‘ನೇಮಕ ಏಕೆ ರದ್ದುಪಡಿಸಬಾರದು’ ಅಂತ ಮಾತ್ರ ಕೇಳಿ, ಆದೇಶದಲ್ಲಿ ವಸೂಲಿಯನ್ನೂ ಸೇರಿಸುವ ಅಭ್ಯಾಸ ಬಹಳ ಕಡೆ ಇದೆ. ವಸೂಲಿಯ ಭಾಗ ಅಷ್ಟಕ್ಕೇ ಬಿದ್ದುಹೋಗುತ್ತದೆ. ಅಂಕಪಟ್ಟಿ ಕಡತದ ನೋಟಿಸ್‌ನಲ್ಲೇ ಮೊತ್ತ, ಅವಧಿ, ತಖ್ತೆ ಮೂರನ್ನೂ ಹಾಕಿ, ಉತ್ತರಕ್ಕೆ 15 ದಿನವಾದರೂ ಕೊಡಿ. ಅನುಕಂಪದ ಕಡತದ ನೋಟಿಸ್‌ನಲ್ಲಿ ವಸೂಲಿಯ ಮಾತೇ ಬೇಡ.