ಸ್ವರ್ಗವನ್ನು ಹಿಂದುಮುಂದಾಗಿ ಬರೆದರೆ

ನಿನ್ನೆ ಅಮೆರಿಕದಲ್ಲಿರುವ ನಮ್ಮ ಕನ್ನಡಿಗರ ಗುಂಪಿನಲ್ಲಿ ತಂಗಿಯೊಬ್ಬರು ಕೇಳಿದ್ದಕ್ಕೆ ಎರಡು ಸಾಲು ಬರೆಯೋಣವೆಂದು ಕುಳಿತೆ. ಅದು ಇಷ್ಟುದ್ದ ಬೆಳೆಯಿತು, ಬೈದುಕೊಳ್ಳಬೇಡಿ. ಅವರ ಮಗಳ ತರಗತಿಯಲ್ಲಿ ‘ನೆವೇಯಾ’ ಎಂಬ ಹುಡುಗಿ ಇದ್ದಾಳಂತೆ. ಇದು ನಮ್ಮ ನವ್ಯಾಳೇ ಇರಬಹುದೇ, ಅರ್ಥವೇನು ಎಂದು ಅವರ ಪ್ರಶ್ನೆ. ಉತ್ತರ ಕೊಡುವ ಬದಲು ಹಲವರು ನಕ್ಕರು. ‘ಹೋಮ್‌ವರ್ಕ್ ಮಾಡದೆ ನೆವ ಹೇಳುವವಳಿರಬೇಕು’ ಎಂದು ಒಬ್ಬರು ಬರೆದರು. ಮಾತು ಚೆನ್ನಾಗಿತ್ತು, ನಾನೂ ನಕ್ಕೆ. ಆದರೆ ಆ ಹೆಸರಿನ ಹುಡುಗಿಯೊಬ್ಬಳು ವಾರಕ್ಕೆರಡು ದಿನ ನಮ್ಮ ಮನೆಗೆ ಬಂದು ಚಕ್ಕುಲಿ ತಿನ್ನುತ್ತಾಳೆ. ಹಾಗಾಗಿ ಅವಳ ಪರವಾಗಿ ನಾಲ್ಕು ಮಾತು.

ನವ್ಯಾಗೂ ನೆವೇಯಾಗೂ ಸಂಬಂಧವಿಲ್ಲ. ಅದು ಸ್ಪ್ಯಾನಿಷ್ ಹೆಸರೂ ಅಲ್ಲ, ಬೈಬಲ್ಲಿನದೂ ಅಲ್ಲ. ಎನ್, ಇ, ವಿ, ಎ, ಇ, ಎಚ್ ಎಂದು ಬರೆದು ಬಲದಿಂದ ಎಡಕ್ಕೆ ಓದಿ: ‘ಹೆವನ್’. ಸ್ವರ್ಗ ಎಂಬ ಇಂಗ್ಲಿಷ್ ಪದವನ್ನು ತಿರುಗಿಸಿದರೆ ಸಿಗುವ ಹೆಸರು, ಅಷ್ಟೆ. ಉಚ್ಚಾರದಲ್ಲಿ ಒತ್ತು ನಡುವಿನ ‘ವೇ’ ಮೇಲೆ ಬೀಳುತ್ತದೆ.

ಇದು ಹಬ್ಬಿದ ಬಗೆ ಸ್ವಾರಸ್ಯವಾಗಿದೆ. ಅಮೆರಿಕದ ಸೋಷಿಯಲ್ ಸೆಕ್ಯುರಿಟಿ ಇಲಾಖೆ 1880ರಿಂದ ಈಚಿನ ಶಿಶುಗಳ ಹೆಸರಿನ ಲೆಕ್ಕವನ್ನು ಎಲ್ಲರಿಗೂ ತೆರೆದಿಟ್ಟಿದೆ. ಒಂದು ವರ್ಷದಲ್ಲಿ ಐದು ಮಕ್ಕಳಿಗಾದರೂ ಇಟ್ಟ ಹೆಸರು ಅದರಲ್ಲಿ ಸಿಗುತ್ತದೆ. 1999ರಲ್ಲಿ ಇಡೀ ದೇಶದಲ್ಲಿ ಹುಟ್ಟಿದ ನೆವೇಯಾಗಳು ಎಂಟೇ ಎಂಟು. 2000ದಲ್ಲಿ ಸ್ಯಾನ್ ಡಿಯಾಗೋದ ಪಿ.ಒ.ಡಿ. ಎಂಬ ರಾಕ್ ತಂಡದ ಗಾಯಕ ಸನ್ನಿ ಸ್ಯಾಂಡೋವಲ್ ಎಂಟಿವಿ ವಾಹಿನಿಯಲ್ಲಿ ತನ್ನ ಮನೆ ತೋರಿಸುವ ಕಾರ್ಯಕ್ರಮಕ್ಕೆ ಬಂದ. ಕೈಯಲ್ಲಿ ಪುಟ್ಟ ಮಗಳು. ಹೆಸರು ನೆವೇಯಾ, ಸ್ವರ್ಗ ಎಂಬುದನ್ನು ಹಿಂದಿನಿಂದ ಬರೆದದ್ದು ಎಂದ. ಮುಂದಿನ ವರ್ಷವೇ 1,191 ಹೆಣ್ಣುಮಕ್ಕಳಿಗೆ ಅದೇ ಹೆಸರು. ಪಟ್ಟಿಯಲ್ಲಿ ನೇರ 266ನೆಯ ಸ್ಥಾನ. 2005ರಲ್ಲಿ 4,457 ಮಕ್ಕಳು, 70ನೆಯ ಸ್ಥಾನ. 2010ರಲ್ಲಿ ಅದು 25ನೆಯ ಸ್ಥಾನದವರೆಗೆ ಏರಿತು, ಆಮೇಲೆ ಇಳಿಯತೊಡಗಿತು. ಹೆಸರಿಗೊಂದು ನಿಘಂಟಿನ ಬೇರಿರಲಿಲ್ಲ, ಸಂತರಿರಲಿಲ್ಲ, ಅಜ್ಜಿಯರಿರಲಿಲ್ಲ. ಟಿವಿಯಲ್ಲಿ ಒಬ್ಬ ತಂದೆ ಹೆಮ್ಮೆಯಿಂದ ಹೇಳಿದ್ದೊಂದೇ ಅದರ ವಂಶಾವಳಿ. ಅಕ್ಷರ ತಪ್ಪಿ ಎ, ಇ ಅದಲುಬದಲಾದ ರೂಪವೂ ಮೊದಲ ಸಾವಿರ ಹೆಸರುಗಳೊಳಗೆ ಬಂದುಬಿಟ್ಟಿದೆ. ಅದನ್ನು ತಿರುಗಿಸಿದರೆ ಸ್ವರ್ಗವೂ ಸರಿಯಾಗಿ ಸಿಗುವುದಿಲ್ಲ, ಪಾಪ.

‘ಇಂಥದ್ದನ್ನೆಲ್ಲ ಹೆಸರು ಎನ್ನುತ್ತಾರೆಯೇ’ ಎಂದು ಕೇಳಿದವರಿಗೆ ಒಂದು ಮಾತು. ಈ ನೆಲದಲ್ಲಿ ಹೆಸರು ಕಟ್ಟುವುದು ಹೊಸ ಚಾಳಿಯಲ್ಲ. 1620ರಲ್ಲಿ ಇಂಗ್ಲೆಂಡಿನಿಂದ ವಲಸೆ ಬಂದವರ ಮೇಫ್ಲವರ್ ಹಡಗು ಅಟ್ಲಾಂಟಿಕ್ ದಾಟುವಾಗ ಹುಟ್ಟಿದ ಮಗುವಿಗೆ ಓಷಿಯಾನಸ್ ಎಂದೇ ಹೆಸರಿಟ್ಟರು. ಹಾರ್ವರ್ಡಿನ ಮುಖ್ಯಸ್ಥನಾಗಿದ್ದ ಪ್ಯೂರಿಟನ್ ಎಂಬ ಕಟ್ಟಾ ಕ್ರೈಸ್ತ ಪಂಥದ ಪಾದ್ರಿಯೊಬ್ಬನ ಹೆಸರು ಇನ್‌ಕ್ರೀಸ್ ಮ್ಯಾದರ್. ಇನ್‌ಕ್ರೀಸ್ ಎಂದರೆ ನಮ್ಮ ‘ವೃದ್ಧಿ’. ಟಿವಿ ನಿರೂಪಕಿ ಓಪ್ರಾ ವಿನ್‌ಫ್ರೀಯ ಹೆಸರು ಬೈಬಲ್ಲಿನ ರೂತಳ ಕಥೆಯಲ್ಲಿ ಬರುವ ‘ಓರ್ಪಾ’. ಜನರ ಬಾಯಲ್ಲಿ ಅದು ತಿರುವುಮುರುವಾಗಿ ಓಪ್ರಾ ಆಯಿತು. ಆಕೆ ಅದನ್ನೇ ಇಟ್ಟುಕೊಂಡು, ಮತ್ತೊಮ್ಮೆ ತಿರುಗಿಸಿ ತನ್ನ ಕಂಪನಿಗೆ ‘ಹಾರ್ಪೋ’ ಎಂದು ಹೆಸರಿಟ್ಟಳು.

ಅಷ್ಟಕ್ಕೂ ನಾವೇನು ಕಡಿಮೆ? ತಂದೆಯ ಹೆಸರಿನಿಂದ ಒಂದಕ್ಷರ, ತಾಯಿಯದರಿಂದ ಎರಡಕ್ಷರ ಕತ್ತರಿಸಿ ಹೊಲಿದ ಹೆಸರುಗಳು ನಮ್ಮ ಬಳಗದಲ್ಲೇ ಎಷ್ಟಿಲ್ಲ! ಹೊಲಿದಾದ ಮೇಲೆ ಇಂಟರ್‌ನೆಟ್ಟಿನಲ್ಲಿ ಹುಡುಕಿದರೆ ಅರ್ಥವೂ ಸಿಗುತ್ತದೆ. ಬಹುತೇಕ ‘ಲಕ್ಷ್ಮೀದೇವಿಯ ಇನ್ನೊಂದು ಹೆಸರು’ ಎಂದೇ ಇರುತ್ತದೆ. ನಕ್ಷತ್ರದ ಅಕ್ಷರ ಹಿಡಿದು ಹೊರಟವರ ಪಾಡಂತೂ ಕೇಳುವುದೇ ಬೇಡ. ಆರಿದ್ರಾ ನಕ್ಷತ್ರಕ್ಕೆ ಕು, ಘ, ಙ, ಛ. ಙಕಾರದಿಂದ ಶುರುವಾಗುವ ಹೆಣ್ಣುಮಗುವಿನ ಹೆಸರನ್ನು ಯಾರಾದರೂ ಕಂಡಿದ್ದರೆ ಇಲ್ಲಿ ಬರೆಯಿರಿ, ನಾನೂ ನೋಡಬೇಕು.

ನೆವೇಯಾಳ ಅರ್ಥವನ್ನು ಅಮ್ಮನಿಗೆ ವಿಡಿಯೊ ಕರೆಯಲ್ಲಿ ವಿವರಿಸಿದೆ. ಅವರು ತರಕಾರಿ ಹೆಚ್ಚುತ್ತಿದ್ದವರು ಕೈ ನಿಲ್ಲಿಸಿ, ‘ಸ್ವರ್ಗವನ್ನು ತಲೆಕೆಳಗು ಮಾಡಿದರೆ ಅದು ತ್ರಿಶಂಕುವಿನದಾಯಿತಲ್ಲೇ’ ಎಂದರು. ಹೊರದೇಶದಲ್ಲಿರುವ ಕನ್ನಡಿಗರನ್ನು ತ್ರಿಶಂಕುವಿಗೆ ಹೋಲಿಸಿದ ಭಾಷಣಗಳನ್ನು ರಾಜ್ಯೋತ್ಸವಗಳಲ್ಲಿ ಕೇಳಿ ಕೇಳಿ ನನಗೆ ಸಾಕಾಗಿದೆ. ಆದರೆ ಈ ಹೋಲಿಕೆಯನ್ನು ಮಾತ್ರ ಅಲ್ಲಗಳೆಯಲಾಗಲಿಲ್ಲ. ಇಂದ್ರ ತಳ್ಳಿದಾಗ ತಲೆಕೆಳಗಾಗಿ ಬೀಳುತ್ತಿದ್ದವನನ್ನು ವಿಶ್ವಾಮಿತ್ರ ನಡುವೆಯೇ ತಡೆದು ಬೇರೊಂದು ಸ್ವರ್ಗ ಕಟ್ಟಿದನಲ್ಲ, ಅದಕ್ಕೂ ಪೂರ್ವಾಧಾರವೇನೂ ಇರಲಿಲ್ಲ.

ಇನ್ನು ನಮ್ಮ ಮನೆಯ ಕಥೆ. ಮಗಳಿಗೆ ‘ಇಳಾ’ ಎಂದು ಹೆಸರಿಟ್ಟೆವು. ಎರಡೇ ಅಕ್ಷರ, ಭೂಮಿ ಎಂದು ಅರ್ಥ, ಇಲ್ಲಿಯವರಿಗೂ ಹೇಳಲು ಸುಲಭ ಎಂದುಕೊಂಡೆವು. ಊರಿನಲ್ಲಾದರೆ ಹನ್ನೊಂದನೆಯ ದಿನವೋ ಆಮೇಲೋ ತಟ್ಟೆಯಲ್ಲಿ ಅಕ್ಕಿ ಹರಡಿ, ಉಂಗುರದಲ್ಲಿ ಬರೆದು, ಕಿವಿಯಲ್ಲಿ ಉಸುರುತ್ತಿದ್ದೆವು. ಇಲ್ಲಿ ಆಸ್ಪತ್ರೆಯ ಹಾಸಿಗೆಯಲ್ಲೇ ಜನನ ಪತ್ರದ ಅರ್ಜಿ ಕೈಗೆ ಬಂತು. ನಿದ್ದೆಗಣ್ಣಿನಲ್ಲಿ ಇಂಗ್ಲಿಷಿನ ಮೂರಕ್ಷರ ಬರೆದೆ. ಬರೆದಾದ ಮೇಲೆ ತಿಳಿಯಿತು: ಅಚ್ಚಿನಲ್ಲಿ ದೊಡ್ಡ ‘ಐ’ ಮತ್ತು ಸಣ್ಣ ‘ಎಲ್’ ಎರಡೂ ಒಂದೇ ಬಗೆಯ ಕಡ್ಡಿ. ದಾಖಲೆ ನೋಡಿದವರು ಮೊದಲು ಎರಡು ‘ಎಲ್’ ಎಂದು ತಬ್ಬಿಬ್ಬಾಗುತ್ತಾರೆ, ಆಮೇಲೆ ‘ಐಲಾ’ ಎನ್ನುತ್ತಾರೆ. ಐಲಾ ಎಂಬುದು ಸ್ಕಾಟ್ಲೆಂಡಿನ ದ್ವೀಪವೊಂದರಿಂದ ಬಂದ ಹೆಸರು, ಈಗ ಇಲ್ಲಿ ಬಹಳ ಜನಪ್ರಿಯ. ಶಾಲೆಯ ಮೊದಲ ದಿನ ಶಿಕ್ಷಕಿ, ನಿಮ್ಮ ಮನೆತನ ಸ್ಕಾಟ್ಲೆಂಡಿನದೇ ಎಂದು ನನ್ನ ಮುಖ ನೋಡುತ್ತಲೇ ಕೇಳಿದರು. ನನ್ನ ಯಜಮಾನರು ಕಡೂರಿನವರು.

ಆದ್ದರಿಂದ ಹೆರಿಗೆಗೆ ಕಾದಿರುವ ತಂಗಿಯರಿಗೆ ನನ್ನದೊಂದೇ ಸಲಹೆ. ಅರ್ಥ ಹುಡುಕುವುದು ಹೇಗೂ ಇದ್ದೇ ಇರುತ್ತದೆ. ಅದಕ್ಕೆ ಮೊದಲು ಆ ಹೆಸರನ್ನು ಇಂಗ್ಲಿಷಿನಲ್ಲಿ ಬರೆದು, ಪಕ್ಕದ ಮನೆಯವರ ಕೈಗೆ ಕೊಟ್ಟು, ಏನೂ ಹೇಳದೆ ಓದಿಸಿ ನೋಡಿ. ಅವರ ಬಾಯಿಂದ ಬಂದದ್ದನ್ನು ಹದಿನೆಂಟು ವರ್ಷ ಕೇಳಲು ನಿಮಗೆ ಒಪ್ಪಿಗೆಯಾದರೆ ಇಡಿ. ಹಾಗೆಯೇ, ನೆವೇಯಾ ಎಂಬ ಹುಡುಗಿ ನಿಮ್ಮ ಮನೆಗೆ ಬಂದರೆ ‘ವೇ’ ಮೇಲೆ ಒತ್ತು ಕೊಟ್ಟು ಸರಿಯಾಗಿ ಕರೆಯಿರಿ. ನಮ್ಮ ಮಕ್ಕಳ ಹೆಸರನ್ನು ಇಲ್ಲಿಯವರು ಸರಿಯಾಗಿ ಹೇಳಲಿ ಎಂದು ಎಷ್ಟು ಸಲ ಗೊಣಗಿಲ್ಲ ನಾವು?

ಹೋದ ಶನಿವಾರ ಇಳಾ, ನೆವೇಯಾ ಇಬ್ಬರೂ ನಮ್ಮ ಊಟದ ಮೇಜಿನ ಮೇಲೆ ಹೆಸರು ತಿರುಗಿಸುವ ಆಟ ಶುರುಮಾಡಿದರು. ಇಳಾಳ ಹೆಸರನ್ನು ಇಂಗ್ಲಿಷಿನಲ್ಲಿ ತಿರುಗಿಸಿದರೆ ‘ಅಲಿ’. ಅದು ನಿಜವಾದ ಹೆಸರೇ ಆದ್ದರಿಂದ ನೆವೇಯಾಗೆ ಬಲು ಸಂತೋಷ. ಕನ್ನಡದಲ್ಲಿ ಮಾಡಿ ತೋರಿಸು ಎಂದಳು. ನಮ್ಮಲ್ಲಿ ಬಿಡಿ ವ್ಯಂಜನವನ್ನಲ್ಲ, ಗುಣಿತ ಸಮೇತ ಇಡೀ ಅಕ್ಷರವನ್ನೇ ತಿರುಗಿಸಬೇಕು ಎಂದು ‘ವಿಕಟಕವಿ’ ಬರೆದು ತೋರಿಸಿದೆ. ಆ ಲೆಕ್ಕದಲ್ಲಿ ಇಳಾ ‘ಳಾಇ’ ಆದಳು. ಕನ್ನಡದಲ್ಲಿ ಯಾವ ಮಾತೂ ಳಕಾರದಿಂದ ಶುರುವಾಗುವುದಿಲ್ಲ ಮಗಳೇ ಎಂದೆ. ‘ಹಾಗಾದರೆ ನನ್ನದೇ ಮೊದಲನೆಯದು’ ಎಂದು ಅವಳು ಅದನ್ನು ದೊಡ್ಡದಾಗಿ ಬರೆದು ಫ್ರಿಜ್ಜಿಗೆ ಅಂಟಿಸಿದ್ದಾಳೆ. ಳಕಾರದ ಕೊನೆಯ ಸುರುಳಿಯನ್ನು ಮಾತ್ರ ನೆವೇಯಾ ತಿದ್ದಿಕೊಟ್ಟಳು.